ಬಯ್ಯಪ್ಪನ ಗ್ಲೌಸು

"ಕೈ ಸ್ವಲ್ಪ ಎತ್ತಿ ಹಿಡೀರಪ್ಪ, ಬೆರಳು ಸೆಟ್ಕೊಂಡವೆ," ಎನ್ನುತ್ತ ನಯೀಮ್ ಬಯ್ಯಪ್ಪನ ಹೆಣದ ಬಲಗೈಗೆ ರಬ್ಬರ್ ಗ್ಲೌಸು ತೊಡಿಸುತ್ತಿದ್ದ. ಚಟ್ಟದ ಪಕ್ಕ ಕೂತಿದ್ದ ಮಗಳು ಹರಿತಾ ತಟ್ಟನೆ ತಲೆಯೆತ್ತಿದಳು.

ಚಿಂತಾಮಣಿಯಲ್ಲಿ ಗೇಟು, ಬೀರು, ಬೈಕಿನ ಟ್ಯಾಂಕು, ಯಾವುದಕ್ಕೆ ಸ್ಪ್ರೇ ಹೊಡೆಸಬೇಕಾದರೂ ಜನ ಹುಡುಕಿಕೊಂಡು ಬರುತ್ತಿದ್ದುದು ಬಯ್ಯಪ್ಪನನ್ನೇ. ನಿನ್ನೆ ಸಂಜೆ ಯಾರದೋ ಬೀರುವಿಗೆ ಬೆಳ್ಳಿ ಬಣ್ಣ ಹೊಡೆದು ಬಂದವನು ಎದೆ ಹಿಡಿದುಕೊಂಡು ಜಗಲಿಯ ಮೇಲೆ ಕೂತ, ಮತ್ತೆ ಏಳಲಿಲ್ಲ. ಹೋದವರಿಗೆ ಪ್ರೀತಿಯಾದದ್ದನ್ನು ಅವರ ಜೊತೆಗೇ ಗುಂಡಿಗೆ ಹಾಕುವುದು ಇವರ ಕಡೆಯ ಪದ್ಧತಿ. ಎಲೆಯಡಿಕೆ ಇಟ್ಟಾಗಿತ್ತು. ಬೀಡಿಯ ಮಾತೇ ಇಲ್ಲ. ಸ್ಪ್ರೇ ಹತ್ತಿರ ಕಡ್ಡಿ ಗೀರಿದವರಿಗೆ ಬಯ್ಯಪ್ಪ ಬೈಯುವುದು ಇಡೀ ಬೀದಿಗೆ ಕೇಳಿಸುತ್ತಿತ್ತು! ಆಗ ಪಕ್ಕದ ವೆಲ್ಡಿಂಗ್ ಅಂಗಡಿಯ ನಯೀಮ್ ಓಡಿಹೋಗಿ ಈ ಗ್ಲೌಸು ತಂದಿದ್ದ.

"ಎಂಥಾ ಜೋಪಾನದ ಮನುಷ್ಯ! ಡಬ್ಬಿ ಚೆನ್ನಾಗಿ ಅಲ್ಲಾಡ್ಸು, ಒಂದು ಗೇಣು ದೂರ ಹಿಡಿ, ತೆಳ್ಳಗೆ ಹೊಡಿ, ಒಣಗಿದ ಮೇಲೇ ಇನ್ನೊಂದು ಕೋಟು ಅಂತಿದ್ರು. ನಾನು ಅಂಗಡಿ ಹಾಕಿದಾಗ್ನಿಂದ ಅಣ್ಣ ಗ್ಲೌಸ್ ಇಲ್ದೆ ಡಬ್ಬಿ ಮುಟ್ಟಿದ್ದೇ ನೋಡಿಲ್ಲ."

ನೆರೆದವರೆಲ್ಲ ಹೌದೌದು ಅಂದರು. ಅವರು ಹೊಗಳಿದಷ್ಟೂ ಹರಿತಾಳ ತಲೆ ತಗ್ಗುತ್ತ ಹೋಯಿತು.

*

ನಯೀಮ್ ಅಂಗಡಿ ಹಾಕುವುದಕ್ಕೂ ಮೊದಲಿನ ಮಾತು. ಅವತ್ತು ಹರಿತಾಳ ನಿಶ್ಚಿತಾರ್ಥ. ಗಂಡಿನ ಕಡೆಯವರು ತೊಂಡೇಬಾವಿಯಿಂದ ಬಂದಿದ್ದರು. ತಾಂಬೂಲದ ತಟ್ಟೆ ಬದಲಾಯಿಸಲು ಬಯ್ಯಪ್ಪ ಕೈ ನೀಡಿದರೆ ಉಗುರೆಲ್ಲ ಬೆಳ್ಳಿ! ಸೀಮೆಎಣ್ಣೆ, ಸೋಪು, ನಿಂಬೆಹಣ್ಣು, ಏನು ಹಾಕಿ ಉಜ್ಜಿದರೂ ಹೋಗಿರಲಿಲ್ಲ, ಪಾಪ.

"ಬೀಗರು ನೇಲ್‌ಪಾಲಿಶ್ ಹಾಕ್ಕೊಂಡವ್ರೆ," ಎಂದು ಗಂಡಿನ ಚಿಕ್ಕಮ್ಮ ಕಿಸಕ್ಕೆಂದಳು.

ಅಡಿಕೆಗೆ ಹೋದ ಮಾನ ಆನೆ ಕೊಟ್ಟರೂ ಬಾರದಂತೆ. ಇಲ್ಲಿ ಯಾರ ಮಾನವೂ ಹೋಗಿರಲಿಲ್ಲ, ಹುಡುಗಿಗೆ ಅದು ತಿಳಿಯಬೇಕಲ್ಲ! ಅಪ್ಪನನ್ನು ಅಡುಗೆಮನೆಗೆ ಕರೆದಳು. "ಮದುವೇಲಿ ಈ ಕೈ ಯಾರಿಗೂ ತೋರಿಸ್ಬೇಡಪ್ಪ. ನನಗೆ ನಾಚಿಕೆ ಆಗುತ್ತೆ."

ಬಯ್ಯಪ್ಪ ಎರಡೂ ಕೈ ಬೆನ್ನ ಹಿಂದೆ ಕಟ್ಟಿಕೊಂಡ. "ಆಯ್ತು ಕಣಮ್ಮ," ಅಂದ.

ಮರುದಿನವೇ ಗ್ಲೌಸು ಕೊಂಡ. ಮಾಸ್ಕೂ ತಗೊಳ್ಳಿ ಎಂದ ಅಂಗಡಿಯವನಿಗೆ, "ಮೂಗಿನೊಳಗೆ ಯಾರು ನೋಡ್ತಾರೆ ಬಿಡು," ಎಂದು ನಕ್ಕು ಬಂದಿದ್ದನಂತೆ. ಹೆಂಡತಿ ಶ್ಯಾಮಲಮ್ಮ ಇದನ್ನು ತಮಾಷೆ ಎಂದೇ ಎಲ್ಲರಿಗೂ ಹೇಳುತ್ತಿದ್ದಳು.

*

"ಇನ್ನೊಂದು ಕೈ," ಅಂದ ನಯೀಮ್.

"ಬೇಡ ನಯೀಮಣ್ಣ. ಅದನ್ನೂ ಬಿಚ್ಚಿ."

"ಯಾಕಮ್ಮ? ಅಣ್ಣನಿಗೆ ಇದಂದ್ರೆ ಜೀವ."

"ಜೀವಾನೂ ಅಲ್ಲ, ಏನೂ ಅಲ್ಲ!" ಹರಿತಾಳ ದನಿ ಒಡೆಯಿತು. ತೊಂಡೇಬಾವಿಯ ನೆಂಟರು ಎದುರಿಗೇ ಕೂತಿದ್ದರು. "ಅಪ್ಪನ ಕೈ ನೋಡಿದ್ರೆ ನಾಚಿಕೆ ಅಂದಿದ್ದೆ ನಾನು. ಅದಕ್ಕೇ ಹಾಕ್ಕೊತಿದ್ದ. ಗುಂಡಿಗೂ ಮುಚ್ಕೊಂಡೇ ಹೋಗ್ಬೇಕಾ?"

ಆ ಚಿಕ್ಕಮ್ಮ ಸೆರಗು ಬಾಯಿಗಿಟ್ಟುಕೊಂಡು ಬೇರೆ ಕಡೆ ನೋಡಿದಳು.

ಹರಿತಾ ತಾನೇ ಗ್ಲೌಸು ಎಳೆದು ತೆಗೆದಳು. ಕೈ ಚೊಕ್ಕಟವಾಗಿತ್ತು. ಒಂದೊಂದೇ ಉಗುರನ್ನು ಬೆಳಕಿಗೆ ಹಿಡಿದು ನೋಡಿದಳು. ಒಂದು ಚುಕ್ಕಿ ಬೆಳ್ಳಿ ಸಿಕ್ಕಿದ್ದರೂ ಕಣ್ಣಿಗೊತ್ತಿಕೊಳ್ಳುತ್ತಿದ್ದಳು. ಸಿಗಲಿಲ್ಲ. ಅಪ್ಪ ಮಾತು ಉಳಿಸಿಕೊಂಡಿದ್ದ.

"ಹೊತ್ತಾಯ್ತು, ಎತ್ತೋಣ," ಎಂದರು ಯಾರೋ.

"ತಡೀರಪ್ಪ, ನೀರು ಹಾಕ್ದಾಗ ಹತ್ತಿ ನೆಂದೈತೆ," ಎಂದು ಶ್ಯಾಮಲಮ್ಮ ಗಂಡನ ಮೂಗಿನ ಹತ್ತಿ ಎಳೆದು, ಹೊಸದು ಇಟ್ಟಳು. ತೆಗೆದದ್ದನ್ನು ಮಗಳ ಅಂಗೈಗೆ ಹಾಕಿದಳು. "ಆಚೆ ಎಸೆದು ಬಾ ತಾಯಿ."

ಚಟ್ಟ ಮೇಲೆದ್ದಿತು. ಹರಿತಾ ಅಂಗೈ ಬಿಚ್ಚಿ ನೋಡಿದಳು. ಹತ್ತಿಯ ತುದಿ ಬೆಳ್ಳಿಯಾಗಿತ್ತು.