ಹನ್ನೆರಡರಿಂದ ಮೂರಕ್ಕೆ

ಅರವತ್ತೊಂದನೆಯ ವಯಸ್ಸಿನಲ್ಲಿ ನಾನು ಬಂದೂಕು ಹಿಡಿದೆ, ಅದೂ ಸೊಸೆಯ ಮಾತು ಕೇಳಿ. ಕಂಪ್ಯೂಟರಿನ ಒಳಗಿನ ಬಂದೂಕು ಅನ್ನುವುದು ನಿಜ, ಆದರೂ ನಾನು ಅಲ್ಲಿ ಎಷ್ಟು ಜನರನ್ನು ಉರುಳಿಸಿದ್ದೇನೆ ಎಂದು ಶುರು ಮಾಡಿದರೆ ಸಾಕು, ನನ್ನ ಹೆಂಡತಿ ಎದ್ದು ಆಚೆ ಹೋಗುತ್ತಾಳೆ. ಉರುಳಿಸಿದ್ದಕ್ಕಿಂತ ನಾನೇ ಉರುಳಿದ್ದು ಹೆಚ್ಚು ಎಂದು ಎಷ್ಟು ಹೇಳಿದರೂ ಅವಳಿಗೆ ಸಮಾಧಾನವಿಲ್ಲ.

ನನ್ನ ಕೆಲಸ ಬಟ್ಟೆ ಕತ್ತರಿಸುವುದು. ಹೊಲಿಯುವವನಲ್ಲ, ಹೊಲಿಯುವವರಿಗೆ ಕತ್ತರಿಸಿ ಕೊಡುವವನು. ಮೂವತ್ತೆಂಟು ವರ್ಷದಿಂದ ಒಂದೇ ಅಂಗಡಿ, ಒಂದೇ ಮೇಜು. ಮೇಜು ಅಂದರೆ ಇಬ್ಬರು ಕಾಲು ಚಾಚಿ ಮಲಗುವಷ್ಟು ಉದ್ದ. ಅದರ ಮೇಲೆ ಬಟ್ಟೆ ಹರಡಿ, ಸೀಮೆಸುಣ್ಣದಲ್ಲಿ ಗೆರೆ ಎಳೆದು, ಕೊರಳಿನಿಂದ ಕೆಳ ಅಂಚಿನವರೆಗೆ ಕತ್ತರಿಯನ್ನು ಎತ್ತದೆ ಒಂದೇ ಓಟದಲ್ಲಿ ಓಡಿಸಬೇಕು. ನಡುವೆ ನಿಂತರೆ ಅಂಚಿನಲ್ಲಿ ಸಣ್ಣ ಹಲ್ಲು ಮೂಡುತ್ತದೆ. ಹೊಲಿಗೆಯವರು ಅದನ್ನು ಒಳಗೆ ಮಡಚಿ ಮುಚ್ಚಿಬಿಡಬಹುದು, ಗಿರಾಕಿಗೆ ಜನ್ಮದಲ್ಲಿ ಗೊತ್ತಾಗುವುದಿಲ್ಲ. ಆದರೆ ನನಗೆ ಗೊತ್ತಿರುತ್ತದಲ್ಲ.

ಹೋದ ವರ್ಷ ನನ್ನ ಬಲಭುಜ ಮುಷ್ಕರ ಹೂಡಿತು. ಬಿದ್ದದ್ದಲ್ಲ, ಏಟಾದದ್ದಲ್ಲ. ಒಂದು ಬೆಳಿಗ್ಗೆ ಅಂಗಿ ಹಾಕಿಕೊಳ್ಳುವಾಗ ಚುಳ್ ಎಂದಿತು. ಆಮೇಲೆ ತಲೆ ಬಾಚಲು ಆಗದಾಯಿತು. ತಿಂಗಳು ತುಂಬುವಷ್ಟರಲ್ಲಿ ತುಕ್ಕು ಹಿಡಿದ ಗೇಟಿನ ಹಾಗೆ ನಿಂತೇಬಿಟ್ಟಿತು. ಭುಜದ ಕೀಲು ಬಿಗಿದುಕೊಂಡಿದೆ, ವ್ಯಾಯಾಮ ಬಿಟ್ಟು ಬೇರೆ ಮದ್ದಿಲ್ಲ ಎಂದರು ವೈದ್ಯರು. ನಮ್ಮ ಅಂಗಡಿಯ ಯಜಮಾನಿ ಒಳ್ಳೆಯ ಹೆಂಗಸು, ಆದರೆ ಅಂಗಡಿ ನಡೆಸಬೇಕಾದ ಹೆಂಗಸು. ಮೂರು ತಿಂಗಳ ಮಟ್ಟಿಗೆ ಬೇರೆ ಕಡೆಯಿಂದ ಒಬ್ಬರನ್ನು ತಂದು ನಿಲ್ಲಿಸುತ್ತೇನೆ, ಅಷ್ಟರೊಳಗೆ ನೀವು ಬಂದು ನನ್ನ ಕಣ್ಣೆದುರು ಒಂದು ಉದ್ದ ಕೋಟು ಕತ್ತರಿಸಿ ತೋರಿಸಿದರೆ ಮೇಜು ನಿಮ್ಮದು, ಇಲ್ಲದಿದ್ದರೆ ಅವರದು ಎಂದು ಅಡ್ಡ ಮಾತಿಲ್ಲದೆ ಹೇಳಿದರು. ನನಗೆ ಸಿಟ್ಟು ಬರಲಿಲ್ಲ, ಹೆದರಿಕೆಯಾಯಿತು. ಆ ಮೇಜು ಇಲ್ಲದೆ ನಾನು ಬೆಳಿಗ್ಗೆ ಎದ್ದು ಯಾರಾಗಬೇಕು ಎಂದೇ ನನಗೆ ತಿಳಿಯದು.

ವ್ಯಾಯಾಮ ಹೇಳಿಕೊಡುವಾಕೆ ಗೋಡೆಯ ಮೇಲೆ ಬೆರಳುಗಳನ್ನು ಮೇಲಕ್ಕೆ ನಡೆಸಿ ಎಂದಳು, ಬಾಗಿ ನಿಂತು ತೋಳನ್ನು ತೂಗಾಡಿಸಿ ಎಂದಳು. ಮಾಡುತ್ತಿದ್ದೆ. ಸುಳ್ಳು ಯಾಕೆ, ಮಾಡಿದ ಹಾಗೆ ಮಾಡುತ್ತಿದ್ದೆ. ನೋವು ಈಗ ಬಂತು ಆಗ ಬಂತು ಎಂದು ಕಾಯುತ್ತಾ ಬೆರಳು ನಾಲ್ಕು ಹೆಜ್ಜೆ ಹತ್ತುವ ಮೊದಲೇ ಮೈಯೆಲ್ಲ ಬಿಗಿ ಹಿಡಿಯುತ್ತಿತ್ತು. ಅಷ್ಟಕ್ಕೇ ಕೈ ಇಳಿಸಿ, ಗೋಡೆಗೂ ಅದನ್ನು ಕಟ್ಟಿದವನಿಗೂ ನಾಲ್ಕು ಮಾತು ಬೈದು ಕೂರುತ್ತಿದ್ದೆ.

ಇನ್ನು ಸೊಸೆಯ ವಿಷಯ. ಅವಳು ಗೋದಾಮಿನಲ್ಲಿ ಕ್ರೇನ್ ಓಡಿಸುತ್ತಾಳೆ. ಮೇಲಿನ ಗಾಜಿನ ಗೂಡಿನಲ್ಲಿ ಕೂತು, ಮನೆಯಷ್ಟು ದೊಡ್ಡ ಪೆಟ್ಟಿಗೆಗಳನ್ನು ಎತ್ತಿ ಮೊಟ್ಟೆಯ ಹಾಗೆ ಇಳಿಸುವ ಕೆಲಸ. ಸಂಜೆ ಮನೆಗೆ ಬಂದು ಕೈಕಾಲು ತೊಳೆದವಳೇ ಆರರಿಂದ ಏಳರವರೆಗೆ ಕಂಪ್ಯೂಟರಿನ ಮುಂದೆ ಕೂತು, ಹೆಡ್‌ಫೋನು ಸಿಕ್ಕಿಸಿಕೊಂಡು, ನಾಲ್ವರು ಗೆಳತಿಯರ ಜೊತೆ ಗುಂಡಿನ ಆಟ ಆಡುತ್ತಿದ್ದಳು. ಆ ಹೊತ್ತಿನಲ್ಲಿ ಅಡುಗೆಮನೆ ನನ್ನ ಮಗನದು. ಇದೆಲ್ಲ ನನಗೆ ಹಿಡಿಸುತ್ತಿರಲಿಲ್ಲ. ಯುದ್ಧಕ್ಕೆ ಹೊರಟರು ನೋಡು ಎಂದು ಹೆಂಡತಿಗೆ ಕೇಳುವಂತೆ, ಅಂದರೆ ಸೊಸೆಗೂ ಕೇಳುವಂತೆ, ಮೂಗು ಮುರಿಯುತ್ತಿದ್ದೆ. ಅವಳು ಅದಕ್ಕೆಲ್ಲ ಸೊಪ್ಪು ಹಾಕಿದವಳಲ್ಲ.

ಒಂದು ಸಂಜೆ ನಾನು ಗೋಡೆಯ ಜೊತೆ ಜಗಳವಾಡುತ್ತಿದ್ದಾಗ ಅವಳು ತನ್ನ ಕುರ್ಚಿ ಬಿಟ್ಟೆದ್ದು ನನ್ನ ಕಡೆ ತಿರುಗಿಸಿದಳು.

"ಮಾವ, ಒಂದ್ಸಲ ಇಲ್ಲಿ ಕೂತ್ಕೊಳ್ಳಿ. ಕೈ ಎತ್ತೋದೇನೂ ಬೇಡ, ಮೇಜಿನ ಮೇಲೇ ಇರ್ಲಿ."

ಗೋಡೆಗಿಂತ ವಾಸಿ ಎಂದು ಕೂತೆ. ಆಟದಲ್ಲಿ ನಮ್ಮ ಕಡೆಯ ಒಬ್ಬ ಸೈನಿಕ. ಎಡಗೈಯ ಕೀಲಿಗಳಿಂದ ಅವನನ್ನು ನಡೆಸಬೇಕು, ಬಲಗೈಯ ಮೌಸಿನಿಂದ ಅವನ ಮುಖ ತಿರುಗಿಸಿ ಗುರಿ ಹಿಡಿಯಬೇಕು. ಶುರು ಮಾಡುವ ಮೊದಲು ಅವಳು ಸೆಟ್ಟಿಂಗ್ಸ್ ತೆರೆದು ಒಂದು ಅಂಕಿ ಬದಲಿಸಿದಳು. ಅದಕ್ಕೆ ಸೆನ್ಸಿಟಿವಿಟಿ ಅನ್ನುತ್ತಾರಂತೆ, ಮೌಸ್ ಇಷ್ಟು ಜರುಗಿದರೆ ಸೈನಿಕ ಎಷ್ಟು ತಿರುಗಬೇಕು ಎಂಬ ಲೆಕ್ಕ. ಹನ್ನೆರಡಕ್ಕೆ ಇಡುತ್ತೇನೆ, ನೀವು ಮಣಿಕಟ್ಟು ಅಲುಗಿಸಿದರೆ ಸಾಕು, ಅವನು ತಿರುಗುತ್ತಾನೆ ಎಂದಳು. ಕ್ರೇನಿನಲ್ಲೂ ಹಾಗೆಯೇ, ಪಾಳಿ ಬದಲಾದಾಗ ಕೂತವರ ಕೈಗೆ ತಕ್ಕಂತೆ ಲಿವರನ್ನು ಸಡಿಲವೋ ಬಿಗಿಯೋ ಮಾಡಿಕೊಳ್ಳುತ್ತಾರಂತೆ. ಅಂಕಿ ಇಳಿಸಿದರೆ ಏನಾಗುತ್ತದೆ ಎಂದು ನಾನು ಕೇಳಲಿಲ್ಲ, ಅವಳು ಹೇಳಲೂ ಇಲ್ಲ.

ಮೊದಲ ದಿನ ನನ್ನ ಸೈನಿಕ ಬುಗುರಿಯ ಹಾಗೆ ತಿರುಗಿ ತಿರುಗಿ ಆಕಾಶಕ್ಕೂ ನೆಲಕ್ಕೂ ಗುಂಡು ಹಾರಿಸಿದ. ಎರಡನೆಯ ದಿನ ಒಂದು ಪೀಪಾಯಿಗೆ ತಗುಲಿತು. ಐದನೆಯ ದಿನ ಒಬ್ಬ ಶತ್ರು ಬಿದ್ದ, ನಾನು ಮನೆಯವರಿಗೆಲ್ಲ ಕೇಳುವಂತೆ ಕೂಗಿದೆ. ಅಲ್ಲಿಂದ ಮುಂದೆ ಆರು ಹೊಡೆಯುವುದನ್ನೇ ಕಾಯತೊಡಗಿದೆ. ಸೊಸೆ ತನ್ನ ಆ ಗಂಟೆಯನ್ನು ನನಗೆ ಬಿಟ್ಟುಕೊಟ್ಟು, ಗೆಳತಿಯರ ಜೊತೆ ಶನಿವಾರ ಮಾತ್ರ ಆಡುತ್ತಿದ್ದಳು. ನಾನು ಆಡುವಾಗ ಕುರ್ಚಿಯ ಹಿಂದೆಯೇ ನಿಂತಿರುತ್ತಿದ್ದಳು. ಮಾವನ ಪೇಚಾಟ ನೋಡಿ ಮಜಾ ತೆಗೆದುಕೊಳ್ಳುತ್ತಿದ್ದಾಳೆ ಅಂದುಕೊಂಡು, ಅಷ್ಟೂ ಸುಖ ಬೇಡವೇ ಪಾಪ ಎಂದು ಸುಮ್ಮನಿದ್ದೆ.

ಮೌಸಿನ ಕೆಳಗೆ ಮೊದಲು ಅಂಗೈ ಅಗಲದ ಪುಟ್ಟ ಹಾಸು ಇತ್ತು. ಎರಡನೆಯ ವಾರ ಅದು ಕೊಳೆಯಾಯಿತೆಂದು ತೆಗೆದು ಪುಸ್ತಕದಷ್ಟು ಅಗಲದ್ದು ಹಾಕಿದಳು. ಆಮೇಲೆ ಗೆಳತಿಯೊಬ್ಬಳು ಸುಮ್ಮನೆ ಕೊಟ್ಟಳೆಂದು ಇಡೀ ಮೇಜು ಮುಚ್ಚುವಂಥದ್ದು ಬಂತು. ಕೀಬೋರ್ಡು ಮೂಲೆಗೆ ಸರಿಯಿತು. ನಾನು ಇದನ್ನೆಲ್ಲ ನೋಡಿದೆ, ಗಮನಿಸಲಿಲ್ಲ. ಮೂವತ್ತೆಂಟು ವರ್ಷ ಅರ್ಧ ಇಂಚಿನ ವ್ಯತ್ಯಾಸಕ್ಕೆ ಕೂಗಾಡಿದ ಮನುಷ್ಯನ ಕಣ್ಣು ಇಷ್ಟು ಮೊಂಡಾಗಬಾರದಿತ್ತು.

ನಾನು ಗಮನಿಸಿದ್ದು ಬೇರೆಯೇ. ಏಳನೆಯ ವಾರದ ಹೊತ್ತಿಗೆ ಸೈನಿಕ ಮೊದಲಿನಷ್ಟು ಚುರುಕಾಗಿ ತಿರುಗುತ್ತಿಲ್ಲ ಅನ್ನಿಸಿತು. ಬೆನ್ನ ಹಿಂದೆ ಹೆಜ್ಜೆ ಸಪ್ಪಳ ಕೇಳಿ ನಾನು ತಿರುಗುವಷ್ಟರಲ್ಲಿ ಗುಂಡು ಬಿದ್ದಿರುತ್ತಿತ್ತು. ಮೌಸ್ ಕೆಟ್ಟಿದೆ ನೋಡು ಎಂದೆ. ಅವಳು ಅದನ್ನು ಮಗುಚಿ ಒರೆಸಿ, ಸರಿಯಾಗಿದೆಯಲ್ಲ ಎಂದಳು. ಹತ್ತನೆಯ ವಾರ ಬಂದಾಗ ಸೈನಿಕ ಕೆಸರಿನಲ್ಲಿ ನಿಂತವನ ಹಾಗಿದ್ದ. ಮೌಸ್ ಸರಿಯಿದ್ದರೆ ಕೆಟ್ಟದ್ದು ನನ್ನ ಕೈ ಎಂದು ತೀರ್ಮಾನಿಸಿದೆ. ದಿನಾ ಆಡಿ ಆಡಿ ಇದ್ದ ಭುಜವನ್ನೂ ಹಾಳು ಮಾಡಿಕೊಂಡೆ ಎಂದು ಒಳಗೊಳಗೇ ಕುದಿಯತೊಡಗಿದೆ.

ಆ ಕುದಿ ಹೊರಬಿದ್ದದ್ದು ಸೊಸೆಯ ಮೇಲೆಯೇ. ಒಂದು ಶನಿವಾರ ಅವಳ ತಂಡಕ್ಕೆ ಪಂದ್ಯವಿತ್ತು. ಎಷ್ಟೋ ತಂಡಗಳನ್ನು ದಾಟಿ ಬಂದಿದ್ದರು, ಗೆದ್ದರೆ ಕೊನೆಯ ಸುತ್ತು. ನಾವೆಲ್ಲ ಹಿಂದೆ ಕೂತು ನೋಡುತ್ತಿದ್ದೆವು. ಶುರುವಾದ ಕೂಡಲೇ ಅವಳ ಗುಂಡೊಂದೂ ತಗುಲಲಿಲ್ಲ. ಇವತ್ತು ನಿನ್ನ ಕೈಗೆ ಏನಾಗಿದೆ ಎಂದು ಗೆಳತಿಯರು ಗದರುವುದು ಹೆಡ್‌ಫೋನಿನಿಂದ ನಮಗೂ ಕೇಳಿಸಿತು. ಪಂದ್ಯ ಹೋಯಿತು. ನಾನು ಸುಮ್ಮನಿರಬಹುದಿತ್ತು. ಕ್ರೇನಿನಲ್ಲೂ ಹೀಗೆಯೇನಾ, ಪೆಟ್ಟಿಗೆ ಒಂದು ಕಡೆ, ಕೊಕ್ಕೆ ಇನ್ನೊಂದು ಕಡೆ ಎಂದೆ. ಹೆಂಡತಿ ಕಣ್ಣು ಬಿಟ್ಟು ನೋಡಿದಳು. ಸೊಸೆ ಸ್ವಲ್ಪ ನಕ್ಕು ಒಳಗೆ ಹೋದಳು.

ಗಡುವಿಗೆ ಒಂದು ವಾರ ಉಳಿದಿತ್ತು. ಮಧ್ಯಾಹ್ನ ಮನೆಯಲ್ಲಿ ಯಾರೂ ಇರಲಿಲ್ಲ. ಯಜಮಾನಿಗೆ ಫೋನು ಮಾಡಿ ಮೇಜು ಆ ಹೊಸಬರಿಗೇ ಕೊಡಿ ಎಂದುಬಿಡೋಣ, ಸುಮ್ಮನೆ ಅಲ್ಲಿ ಹೋಗಿ ನಾಲ್ಕು ಜನರ ಮುಂದೆ ಮರ್ಯಾದೆ ಕಳೆದುಕೊಳ್ಳುವುದು ಬೇಡ ಎಂದು ಫೋನು ಕೈಗೆತ್ತಿಕೊಂಡೆ. ಎತ್ತಿಕೊಂಡವನು ಹಾಗೆಯೇ ಕಂಪ್ಯೂಟರಿನ ಮುಂದೆ ಕೂತೆ. ಕೊನೆಯದಾಗಿ ಒಂದಾಟ ಗೆದ್ದು ಏಳೋಣ ಅನ್ನಿಸಿತು. ಗೆಲ್ಲಬೇಕಾದರೆ ಸೊಸೆ ಮೊದಲ ದಿನ ಬದಲಿಸಿದ ಆ ಅಂಕಿಯನ್ನು ಹನ್ನೆರಡರಿಂದ ಹದಿನೈದಕ್ಕೋ ಇಪ್ಪತ್ತಕ್ಕೋ ಏರಿಸಿಕೊಂಡರಾಯಿತು, ಮೋಸವೇ ಸರಿ, ನೋಡುವವರು ಯಾರಿದ್ದಾರೆ.

ಸೆಟ್ಟಿಂಗ್ಸ್ ತೆರೆದೆ. ಅಲ್ಲಿ ಹನ್ನೆರಡು ಇರಲಿಲ್ಲ. ಮೂರು ಇತ್ತು.

ಕನ್ನಡಕ ಒರೆಸಿ ಮತ್ತೆ ನೋಡಿದೆ, ಮೂರೇ. ಹನ್ನೆರಡಕ್ಕೆ ಏರಿಸಿ ಮೌಸ್ ಮುಟ್ಟಿದೆ, ಸೈನಿಕ ಮೊದಲ ದಿನದ ಹಾಗೆ ಬುಗುರಿಯಾದ. ಕೊರಳಲ್ಲಿ ಟೇಪು ಇಲ್ಲದಿದ್ದರೆ ನನಗೆ ಯೋಚನೆಯೇ ಓಡದು. ಒಳಗಿನಿಂದ ಟೇಪು ತಂದು ಹಾಸಿನ ಮೇಲೆ ಉದ್ದಕ್ಕೆ ಚಾಚಿದೆ. ಅಂಕಿ ಹನ್ನೆರಡಿದ್ದಾಗ ಸೈನಿಕ ಒಂದು ಪೂರ್ತಿ ಸುತ್ತು ತಿರುಗಲು ಮೌಸ್ ಜರುಗಬೇಕಾದದ್ದು ಐದು ಇಂಚು. ಮೂರಕ್ಕೆ ಇಳಿಸಿ ಮತ್ತೆ ತಿರುಗಿಸಿದೆ. ಇಪ್ಪತ್ತು ಇಂಚು. ಇಪ್ಪತ್ತನೆಯ ಇಂಚಿನಲ್ಲಿ ನನ್ನ ಬಲಗೈ ಮೇಜಿನ ಆ ತುದಿಯಲ್ಲಿತ್ತು, ಮೊಣಕೈ ನೇರವಾಗಿತ್ತು, ಭುಜ ಪೂರ್ತಿ ಹೊರಕ್ಕೆ ಚಾಚಿಕೊಂಡಿತ್ತು. ಇನ್ನೊಬ್ಬರ ಕೈ ನೋಡುವ ಹಾಗೆ ಅದನ್ನು ನೋಡುತ್ತಾ ಕೂತೆ. ನನ್ನ ಕೈ ಕೆಟ್ಟಿರಲಿಲ್ಲ. ಅದು ದಿನದಿಂದ ದಿನಕ್ಕೆ ಹೆಚ್ಚು ದೂರ ನಡೆಯುತ್ತಿತ್ತು.

ಮೊದಲು ಬಂದದ್ದು ಸಿಟ್ಟೇ. ಬಾಳೆಹಣ್ಣಿನೊಳಗೆ ಮಾತ್ರೆ ಇಟ್ಟು ಮಗುವಿಗೆ ನುಂಗಿಸಿದ ಹಾಗೆ ನನಗೂ ಮಾಡಿದ್ದಾಳಲ್ಲ, ಈ ವಯಸ್ಸಿನಲ್ಲಿ. ಆ ಸಿಟ್ಟು ಟೇಪು ಸುತ್ತಿಡುವವರೆಗೂ ಉಳಿಯಲಿಲ್ಲ. ಆಮೇಲೆ ಏನೇನೋ ಆಯಿತು, ಕನ್ನಡಕವನ್ನು ಇನ್ನೊಮ್ಮೆ ಒರೆಸಬೇಕಾಯಿತು. ಅಂಕಿಯನ್ನು ಮೂರರಲ್ಲೇ ಬಿಟ್ಟು, ಫೋನನ್ನು ಇದ್ದ ಜಾಗದಲ್ಲಿ ಇಟ್ಟು ಎದ್ದೆ. ಉಳಿದ ದಿನಗಳಲ್ಲಿ ಏನೂ ತಿಳಿಯದವನ ಹಾಗೆ ಆಡಿದೆ, ಗೋಡೆಯ ವ್ಯಾಯಾಮವನ್ನೂ ಈ ಸಲ ನಿಜವಾಗಿಯೇ ಮಾಡಿದೆ.

ಗುರುವಾರ ಅಂಗಡಿಗೆ ಹೋದೆ. ಹೋಟೆಲಿನ ಬಾಗಿಲು ಕಾಯುವವರಿಗೆ ಹೊಲಿಯಬೇಕಾದ ಕೋಟು, ದಪ್ಪ ನೀಲಿ ಉಣ್ಣೆ. ಯಜಮಾನಿ ಕೈ ಕಟ್ಟಿ ನಿಂತರು. ತಾತ್ಕಾಲಿಕವಾಗಿ ಬಂದಿದ್ದ ಕತ್ತರಿಯವರು ಗೋಡೆಗೊರಗಿ ನಿಂತರು. ಗೆರೆ ಎಳೆದು ಕತ್ತರಿ ಹಿಡಿದೆ. ಕೈಯನ್ನು ನೋಡಬೇಡ, ಗೆರೆಯ ತುದಿ ನೋಡು ಎಂದು ನನಗೆ ನಾನೇ ಹೇಳಿಕೊಂಡೆ. ಕೊರಳಿನಿಂದ ಹೊರಟ ಕತ್ತರಿ ಎದೆ ದಾಟಿತು, ಸೊಂಟ ದಾಟಿತು. ನಾನು ಮೇಜಿನ ಮೇಲೆ ಬಾಗಿದೆ, ಭುಜ ಒಂದೆಡೆ ಕಟಕ್ ಎಂದಿತು. ನಿಲ್ಲಿಸಲಿಲ್ಲ. ಕೆಳ ಅಂಚಿನಲ್ಲಿ ಕತ್ತರಿಯ ಬಾಯಿ ಮುಚ್ಚಿದ ಸದ್ದು ಕೇಳಿದಾಗಲೇ ಉಸಿರು ಬಿಟ್ಟದ್ದು. ಆ ಇನ್ನೊಬ್ಬರು ಬಂದು ಅಂಚಿನ ಉದ್ದಕ್ಕೂ ಹೆಬ್ಬೆರಳು ಓಡಿಸಿ ನೋಡಿ, ಮೊಳೆಗೆ ತೂಗುಹಾಕಿದ್ದ ತಮ್ಮ ಏಪ್ರನ್ ತೆಗೆದು ಮಡಚಿದರು. ಸೋಮವಾರದಿಂದ ಬನ್ನಿ ಎಂದರು ಯಜಮಾನಿ.

ಮನೆಯಲ್ಲಿ ಸುದ್ದಿ ಹೇಳಿದೆ. ಹೆಂಡತಿ ಕೂತಲ್ಲೇ ಅತ್ತಳು, ಮಗ ಒಲೆ ಆರಿಸಿ ಬಂದು ನನ್ನ ಕೈ ಹಿಡಿದುಕೊಂಡ. ಆರು ಗಂಟೆಗೆ ಬಂದ ಸೊಸೆ ಎಂದಿನಂತೆ ಕುರ್ಚಿ ಎಳೆದು ನನಗೆ ಕೊಟ್ಟಳು. ನಾನು ಕೂರಲಿಲ್ಲ. ಅಂಗಡಿಯಲ್ಲಿ ಆದದ್ದನ್ನು ಹೇಳಿ, ಆ ಮೂರರ ಅಂಕಿಯನ್ನು ನೋಡಿದ್ದೇನೆ ಎಂದೆ. ಅವಳ ಮುಖ ತಪ್ಪು ಮಾಡಿ ಸಿಕ್ಕಿಬಿದ್ದವರ ಮುಖವಾಯಿತು. ವ್ಯಾಯಾಮದಾಕೆಯನ್ನು ಕೇಳಿಯೇ ಮಾಡಿದ್ದು ಎಂದು ಅವಸರದಲ್ಲಿ ಶುರು ಮಾಡಿದಳು, ಮೂರು ನಾಲ್ಕು ದಿನಕ್ಕೊಮ್ಮೆ ಅರ್ಧ ಅಂಕಿಯಷ್ಟೇ ಇಳಿಸುತ್ತಿದ್ದಳಂತೆ. ನನಗೆ ಯಾಕೆ ಹೇಳಲಿಲ್ಲ ಎಂದು ಕೇಳಿದೆ.

"ಹೇಳಿದ್ರೆ ನೀವು ನಿಮ್ಮ ಕೈಯನ್ನೇ ನೋಡ್ತಾ ಕೂರ್ತಿದ್ರಿ ಮಾವ. ಶತ್ರು ಬಂದ್ರೆ ಕೈ ಮರೆತುಹೋಗುತ್ತೆ." ಆಮೇಲೆ ಸೇರಿಸಿದಳು. "ಇಳಿಸಿದ ದಿನ ಎಲ್ಲ ನಂಗೆ ಭಯ. ನೋವು ಜಾಸ್ತಿ ಆದ್ರೆ ತಕ್ಷಣ ಏರಿಸ್ಬೇಕು ಅಂತ ಹಿಂದೇನೇ ನಿಂತಿರ್ತಿದ್ದೆ."

ಮಜಾ ನೋಡಲು ನಿಂತಿದ್ದಾಳೆ ಎಂದುಕೊಂಡಿದ್ದೆನಲ್ಲ, ಅದು ನೆನಪಾಯಿತು. ಅದರ ಬೆನ್ನಿಗೇ ಆ ಶನಿವಾರವೂ. ಅವತ್ತು ಸೋತದ್ದು ಯಾಕೆ ಎಂದು ಕೇಳಿದೆ. ಅವಳು ಮೊದಲು ಏನೂ ಇಲ್ಲ ಎಂದಳು. ನಾನು ಬಿಡಲಿಲ್ಲ.

"ನಿಮ್ಮ ಸೆಟ್ಟಿಂಗಲ್ಲೇ ಇತ್ತು. ನಂದು ವಾಪಸ್ ಹಾಕೋದು ಮರ್ತಿದ್ದೆ. ಗೊತ್ತಾಗೋಷ್ಟರಲ್ಲಿ ಆಟ ಕೈಬಿಟ್ಟಿತ್ತು."

ನಮ್ಮ ಮನೆಯಲ್ಲಿ ಹಿರಿಯರು ಕಿರಿಯರಿಗೆ ತಪ್ಪಾಯಿತು ಅನ್ನುವುದು ನನಗೆ ತಿಳಿದ ಮಟ್ಟಿಗೆ ಯಾವತ್ತೂ ಆಗಿಲ್ಲ. ನಾನು ಅಂದೆ. ಅವತ್ತು ಆಡಿದ ಮಾತಿಗೆ ನನಗೆ ನಾಚಿಕೆಯಾಗಿದೆ ಎಂದೆ. ನನ್ನ ಕೆಲಸವನ್ನು ನನಗೆ ವಾಪಸ್ಸು ತಂದುಕೊಟ್ಟವಳು ನೀನು, ಇದನ್ನು ನಾನು ಸಾಯುವವರೆಗೂ ಮರೆಯುವುದಿಲ್ಲ ಎಂದೆ. ಅವಳು ಬಿಡಿ ಮಾವ ಎಂದು ನೆಲ ನೋಡಿದಳು.

ನನ್ನ ಸೊಸೆ ನನಗಿಂತ ಒಂದು ಗೇಣು ಎತ್ತರ. ಮೂರು ತಿಂಗಳ ಹಿಂದೆ ಬಾಚಣಿಗೆಯನ್ನೂ ಎತ್ತಲಾರದಿದ್ದ ಆ ಬಲಗೈಯನ್ನು ಮೇಲೆತ್ತಿ ಅವಳ ತಲೆಯ ಮೇಲಿಟ್ಟೆ. ಭುಜ ನೋಯುತ್ತಿತ್ತು. ನೋಯಲಿ ಎಂದು ಸುಮಾರು ಹೊತ್ತು ಹಾಗೆಯೇ ಇಟ್ಟುಕೊಂಡಿದ್ದೆ.