ಬೆರಳಿಟ್ಟ ಹೆಸರು

“ಇಳಸ್ರಿ ಕಾಕಾ ಅದನ್ನ!” ಎಂದು ಆಮ್ರಪಾಲಿ ಕೂಗಿದಾಗ ಅಲ್ಲಾಬಕ್ಷ ಬೇವಿನ ಮರಕ್ಕೆ ಫ್ಲೆಕ್ಸಿನ ಎರಡನೇ ಹಗ್ಗ ಬಿಗಿಯುತ್ತಿದ್ದ. ನಲವತ್ತು ವರ್ಷ ನಾಟಕದ ಪರದೆ ಕಟ್ಟಿದ ಕೈ ಅದು.

“ಯಾಕವ್ವ? ಫೋಟೋ ಚಂದ ಬಂದದಲ್ಲ.”

“‘ಹಿರಿಯ ನಟಿ ಸುಂದರಬಾಯಿ’ ಅಂತ ಬರ್ಸೀರಿ. ನಮ್ಮವ್ವ ಬರೇ ನಟಿ ಏನ್ರಿ? ನಾಟಕ ಕಲಿಸ್ದಾಕಿ. ಮಾಸ್ತರ ಅಂತ ಬರಸ್ರಿ.”

“ಹೆಣ್ಮಗಳಿಗಿ ಮಾಸ್ತರ ಅಂತಾರೇನವ್ವ? ನಮ್ಮೂರ ಮುಡಬಿ ನಾಟಕಕ್ಕ ಮಾಸ್ತರ ಅಂದ್ರ ತುಳಜಾರಾಮ. ಹ್ಯಾಂಡ್‌ಬಿಲ್ಲಿನಾಗ ಅವನ ಹೆಸರೇ ಇರ್ತಿತ್ತು.”

ಅಂಗಳದಲ್ಲಿ ಬಿಳಿ ಬಟ್ಟೆ ಹೊದಿಸಿ ಸುಂದರಬಾಯಿಯನ್ನು ಮಲಗಿಸಿದ್ದರು. ಸುತ್ತ ಕೂತವರಲ್ಲಿ ಒಂದು ಕಾಲದ ರಾಜ, ಮಂತ್ರಿ, ಸೇನಾಪತಿ ಎಲ್ಲರೂ ಇದ್ದರು. ನಿಲ್ಲುವುದು, ನಡೆಯುವುದು, ಅಳುವುದು ಅವರಿಗೆ ಕಲಿಸಿದವಳು ಅವಳೇ. ಹೆಂಗಸಿನ ಕೈಯಲ್ಲಿ ಕಲಿತೆವೆಂದು ಹೇಳಲು ಮಾತ್ರ ಒಬ್ಬನಿಗೂ ನಾಲಿಗೆ ಏಳಲಿಲ್ಲ. ಆಮ್ರಪಾಲಿ ದಾರಿ ನೋಡುತ್ತಿದ್ದಳು. ಚಿಟಗುಪ್ಪದಿಂದ ತುಳಜಾರಾಮ ಬಸ್ಸು ಹತ್ತಿದ್ದಾನೆ ಎಂದು ಫೋನು ಬಂದಿತ್ತು. ಅವನು ಬಾಯಿಬಿಟ್ಟು ಹೇಳಿದರೆ ಊರು ಒಪ್ಪುತ್ತದೆ. ಮೂರು ಗಂಟೆಗೆ ಬೌದ್ಧರ ತ್ರಿಶರಣ ಹೇಳಿ ಮಣ್ಣು ಮಾಡುವವರಿದ್ದರು. ಅಷ್ಟರೊಳಗೆ ಅವನು ಹೇಳಬೇಕು.

\*\*\*

ಹುಮನಾಬಾದಿನ ನಾಟಕ ಕಂಪನಿಯಲ್ಲಿ ರಾಣಿಯಾಗಿ ಮೆರೆದ ಸುಂದರಬಾಯಿಗೆ ನಲವತ್ತು ದಾಟಿದ ಮೇಲೆ ಪಾತ್ರ ಸಿಗಲಿಲ್ಲ. ಕೈಗೂಸು ಆಮ್ರಪಾಲಿಯನ್ನು ಕಟ್ಟಿಕೊಂಡು ತವರು ಮುಡಬಿಗೆ ಬಂದಳು. ಕೆಲವು ವರ್ಷಗಳ ಮೇಲೆ ಊರವರು ನಾಟಕ ಕಲಿಯಲು ಹಾರ್ಮೋನಿಯಂ ಪೇಟಿ ಬಾರಿಸುವ ತುಳಜಾರಾಮನನ್ನು ಕರೆಸಿದರು. ಅವನಿಗೆ ಹಾಡು ಗೊತ್ತು, ಪಾತ್ರದವರನ್ನು ನಿಲ್ಲಿಸಲು ಬಾರದು. ನೋಡಿ ನೋಡಿ ಸಾಕಾಗಿ ಅವಳು ನೆಲದ ಮೇಲೆ ಹುಣಸೆಬೀಜ ಹರಡಿದಳು.

“ಇದು ರಾಣಿ, ಇದು ರಾಜ. ರಾಣಿ ಅಳಾಗ ರಾಜ ಮುಂದ ನಿಂತ್ರ ಮಂದಿಗಿ ಏನ್ ಕಾಣ್ತದ್ರಿ? ಅವನ ಬೆನ್ನು!”

ಅಂದಿನಿಂದ ಕಲಿಸಿದ್ದೆಲ್ಲ ಅವಳೇ. ಬಸವಕಲ್ಯಾಣದಲ್ಲಿ ಅಚ್ಚಾಗಿ ಮೊದಲ ಹ್ಯಾಂಡ್‌ಬಿಲ್ಲು ಬಂತು. ಇಡೀ ನಾಟಕ ಬಾಯಿಪಾಠವಿದ್ದ ಅವಳಿಗೆ ಒಂದಕ್ಷರ ಓದಲು ಬರುತ್ತಿರಲಿಲ್ಲ.

“ನನ್ನ ಹೆಸರು ಎಲ್ಲಿ ಅದರಿ ಮಾಸ್ತರ?”

ತುಳಜಾರಾಮ ಹಾಳೆಯನ್ನು ಮೇಲಿಂದ ಕೆಳಗೆ ನೋಡಿದ. ಆಮೇಲೆ ಅವಳ ಬೆರಳು ಹಿಡಿದು, ‘ನಿರ್ದೇಶನ’ದ ಮುಂದೆ ‘ತುಳಜಾರಾಮ ಮಾಸ್ತರ’ ಎಂದಿದ್ದ ತನ್ನದೇ ಹೆಸರಿನ ಮೇಲೆ ಇಟ್ಟ.

“ಇಲ್ಲಿ ಅದ, ಬಾಯಿ.”

ಮನೆಗೆ ಬಂದವರಿಗೆಲ್ಲ ಅವಳು ಅದನ್ನು ಬೆರಳಿಟ್ಟು ತೋರಿಸಿದಳು. ಓದು ಬಂದವರು ಮುಸಿಮುಸಿ ನಕ್ಕರು. ಎರಡನೇ ಇಯತ್ತೆಯಲ್ಲಿ ಅಕ್ಷರ ಕೂಡಿಸಿ ಓದಿದ ದಿನ ಆಮ್ರಪಾಲಿಗೂ ತಿಳಿಯಿತು. ಅವ್ವನ ಮುಖ ನೋಡಿ ಅವಳೂ ಸುಮ್ಮನಾದಳು.

\*\*\*

ಎರಡೂವರೆಗೆ ತುಳಜಾರಾಮ ಕೋಲೂರಿಕೊಂಡು ಬಂದು ಹೆಣದ ಪಕ್ಕ ಕುಸಿದು ಕೂತ. ಆಮ್ರಪಾಲಿ ಟ್ರಂಕಿನಿಂದ ಹ್ಯಾಂಡ್‌ಬಿಲ್ಲು ತಂದು ಅವನ ಮುಂದೆ ಬಿಚ್ಚಿದಳು.

“ಓದ್ರಿ. ಎಲ್ಲರಿಗಿ ಕೇಳ್ಲಿ.”

“ನಿರ್ದೇಶನ...” ಎಂದವನು ಓದು ನಿಲ್ಲಿಸಿದ. ಕನ್ನಡಕ ಒರೆಸಿ ಮತ್ತೆ ನೋಡಿದ. ಮೂವತ್ತು ವರ್ಷ ಅವಳ ಬೆರಳು ಸವರಿದ ಜಾಗದಲ್ಲಿ ಅವನ ಹೆಸರು ಅಳಿಸಿಹೋಗಿತ್ತು. ಕಾಗದ ತೆಳ್ಳಗಾಗಿ, ‘ಮಾಸ್ತರ’ ಅನ್ನುವುದಷ್ಟೇ ಉಳಿದಿತ್ತು.

ಮುದುಕ ಬಿಕ್ಕಿ ಬಿಕ್ಕಿ ಅತ್ತ.

“ಸುಳ್ಳ ಹೇಳ್ದೆನವ್ವ ಈಕಿಗಿ. ಕಲಿಸ್ದಾಕಿ ಈಕಿ, ಮಾಸ್ತರ ಅನ್ನಿಸ್ಕೊಂಡಾಂವ ನಾ. ನಿಮಗೆಲ್ಲ ಗೊತ್ತದ. ಹೇಳ್ರಿ, ಯಾಕ ಸುಮ್ಮ ಕೂತೀರಿ?”

“ಹೌದ್ರಿ,” ಎಂದ ರಾಜನ ಪಾತ್ರದ ದೇವಿಂದ್ರಪ್ಪ, ತಲೆ ಎತ್ತದೆ. “ನಂಗ ನಿಲ್ಲಾಕ ಕಲಿಸ್ದಾಕಿ ಈಕಿನೇ.”

ಅಲ್ಲಾಬಕ್ಷ ಮರದ ಹತ್ತಿರ ಹೋಗಿ ಫ್ಲೆಕ್ಸಿನ ಹಗ್ಗದ ಗಂಟಿಗೆ ಕೈ ಹಾಕಿದ.

ತುಳಜಾರಾಮ ಪೆನ್ನು ಕೇಳಿ ಇಸಿದುಕೊಂಡ. ಸವೆದ ಜಾಗದೊಳಗೆ ಐದಕ್ಷರ ಬರೆದ. ಬಿಳಿ ಬಟ್ಟೆಯೊಳಗಿಂದ ಅವಳ ತಣ್ಣನೆಯ ಕೈ ತೆಗೆದು, ಬೆರಳು ಹಿಡಿದು, ಅದರ ಮೇಲೆ ಇಟ್ಟ.

“ಇಲ್ಲಿ ಅದ, ಬಾಯಿ.”