ಚೆಂಡು ಎಲ್ಲೈತೆ

“ಚೆಂಡು ಎಲ್ಲೈತ್ಲಾ?”

ದ್ಯಾವಯ್ಯ ಹಾಗೆ ಕೇಳಿದ್ದು ಮೂರನೇ ಸಲ. ನಟರಾಜ್ ಟೀವಿಯ ದನಿಯನ್ನು ಪೂರ್ತಿ ಅಡಗಿಸಿ, ಕಾಫಿ ಲೋಟವನ್ನೇ ಮೈಕಿನ ಹಾಗೆ ಹಿಡಿದುಕೊಂಡು ವಿಶ್ವಕಪ್ ಪಂದ್ಯದ ವೀಕ್ಷಕ ವಿವರಣೆ ಕೊಡುತ್ತಿದ್ದ. ಬೆಂಗಳೂರಿನ ಕಾರ್ಖಾನೆ ತಂಡವೊಂದಕ್ಕೆ ಹನ್ನೊಂದು ವರ್ಷ ಗೋಲ್‌ಕೀಪರ್ ಆಗಿದ್ದವನು ಈಗ ಅರಸೀಕೆರೆಯ ಅಪ್ಪನ ಮನೆಯಲ್ಲಿ ಲೋಟದೊಂದಿಗೆ ಮಾತಾಡುತ್ತಿರುವುದನ್ನು ನೋಡಿ, ಅಡುಗೆಮನೆಯಲ್ಲಿದ್ದ ತಾಯಿ ಮುನಿಯಮ್ಮನಿಗೆ ನಗು ತಡೆಯಲಾಗುತ್ತಿರಲಿಲ್ಲ.

“ಹೇಳ್ತಾನೇ ಇದೀನಲ್ಲಪ್ಪಾ. ಅದ್ಭುತವಾಗಿ ಓಡ್ತಾ ಇದ್ದಾನೆ ಅಂತ.”

“ಓಡ್ತಾವ್ನೆ ಸರಿ. ಈ ಕಡೆ ಬಾಣಾವರಕ್ಕೆ ಓಡಿದ್ನೋ, ಆ ಕಡೆ ತಿಪಟೂರಿಗೆ ಓಡಿದ್ನೋ?”

ನಟರಾಜ್ ಲೋಟ ಕೆಳಗಿಟ್ಟ. ಅಪ್ಪನ ಎರಡೂ ಕಣ್ಣಿಗೆ ಪೊರೆ ಬಂದು ಟೀವಿ ಬರೀ ಬೆಳಕಾಗಿ ಕಾಣುತ್ತಿತ್ತು. ಆಪರೇಷನ್ನಿಗೆ ಆಗಸ್ಟಿನಲ್ಲಿ ದಿನ ಗೊತ್ತಾಗಿತ್ತು. ಮುದುಕ ಬೇಸರ ಕಳೆಯಲು ಪಕ್ಕದಲ್ಲಿ ಕೂತಿದ್ದಾನೆ ಎಂದುಕೊಂಡಿದ್ದ ಮಗನಿಗೆ, ಇವನು ಪರೀಕ್ಷೆ ಮಾಡಲೇ ಕೂತಂತಿದೆಯಲ್ಲ ಎಂದು ಸ್ವಲ್ಪ ಸಿಟ್ಟೂ ಬಂತು.

ನಿಜವಾದ ಪರೀಕ್ಷೆ ಮುಂದಿನ ಭಾನುವಾರವಿತ್ತು. ಹೋದ ವರ್ಷ ಮಂಡಿ ಕೈಕೊಟ್ಟ ಮೇಲೆ ತಂಡದವರು ಶಾಲು ಹೊದಿಸಿ ಕಳಿಸಿಕೊಟ್ಟಿದ್ದರು. ಹತ್ತಿರದ ಗಂಡಸಿ ಊರಿನಲ್ಲಿದ್ದ ಭಾವಮೈದ ತನ್ನ ಕೊಬ್ಬರಿ ಮಂಡಿಗೆ ಬಾ ಎಂದು ಕರೆಯುತ್ತಲೇ ಇದ್ದ. ಒಳ್ಳೆಯ ಕೆಲಸವೇ. ಆದರೆ ಚೆಂಡಿನ ಸದ್ದು ಕೇಳಿದರೆ ಈಗಲೂ ಬಸ್ಸಿನಿಂದ ಇಳಿದುಬಿಡುವ ಮನುಷ್ಯ, ಕೊಬ್ಬರಿ ಚೀಲದ ಮೇಲೆ ಕೂತು ಉಳಿದ ಆಯುಷ್ಯ ಕಳೆಯುವುದು ಹೇಗೆ? ಅಷ್ಟರಲ್ಲಿ ರೇಡಿಯೊದವರು ಕನ್ನಡದಲ್ಲಿ ಫುಟ್‌ಬಾಲ್ ವಿವರಣೆ ಕೊಡುವವರು ಬೇಕೆಂದು ಕರೆದರು. ಹೋದ. ಮೊದಲ ಪರೀಕ್ಷೆಯಲ್ಲೇ ಮುಗ್ಗರಿಸಿದ.

ಗೋಲ್‌ಕೀಪರನಾದವನು ಆಟ ಮುಗಿಯುವ ತನಕ ಬಾಯಿ ಮುಚ್ಚುವುದಿಲ್ಲ. ಹಿಂದೆ ನಿಂತು ಮೈದಾನವನ್ನೆಲ್ಲ ನೋಡುವವನು ಅವನೊಬ್ಬನೇ. ಮುಂದಿನವರನ್ನು ಕೂಗಿ ಕೂಗಿ ನಿಲ್ಲಿಸಬೇಕು. ಪರೀಕ್ಷೆಯ ದಿನವೂ ಗೋಲಿನ ಮುಂದೆ ಆಟಗಾರರು ಗುಂಪು ಕಟ್ಟುತ್ತಿದ್ದಂತೆ ನಟರಾಜ್ ಮೈಕು ಮರೆತು, “ಲೇ, ಎಡಗಡೆ ನೋಡ್ರೋ, ಹಿಂದ್ಗಡೆ ಬರ್ತಾವ್ನೆ” ಎಂದು ಅರಚಿಬಿಟ್ಟಿದ್ದ. ಕಾರ್ಯಕ್ರಮದ ಅಧಿಕಾರಿ ಮಾಲಿನಿ ಹೆಡ್‌ಫೋನ್ ತೆಗೆದು ಕಿವಿ ಉಜ್ಜಿಕೊಂಡಿದ್ದರು. “ನೀವು ಆಟಗಾರರ ಜೊತೆ ಮಾತಾಡ್ತಾ ಇದ್ದೀರಿ ನಟರಾಜ್. ಮನೇಲಿ ಕೂತೋರಿಗೆ ಏನೂ ಕಾಣ್ತಾ ಇಲ್ಲ. ಅರಸೀಕೆರೇಲಿ ನಡೆಯೋ ಜಿಲ್ಲಾ ಫೈನಲ್ ರೆಕಾರ್ಡ್ ಮಾಡೋಕೆ ನಾನೇ ಬರ್ತೀನಿ. ಇನ್ನೊಂದು ಸಲ ನೋಡೋಣ. ಅದಾದ ಮೇಲೆ ನನ್ನ ಕೈಲೇನೂ ಇಲ್ಲ” ಎಂದಿದ್ದರು.

“ನಾನು ಕೀಮ್ಯಾನ್ ಆದ ಹೊಸದ್ರಾಗೆ ಒಂದಿನ,” ದ್ಯಾವಯ್ಯ ಗೋಡೆಗೊರಗಿದ. ಮೂವತ್ತು ವರ್ಷ ದಿನಾ ಬೆಳಿಗ್ಗೆ ಸುತ್ತಿಗೆ ಹೊತ್ತು ರೈಲು ಹಳಿಯ ಮೇಲೆ ನಡೆದು, ಸಡಿಲಾದ ಕೀಲಿಗಳನ್ನು ಬಡಿದು ಕೂರಿಸಿದವನು ಅವನು. “ಹಳಿ ಬಿರಿದಿದ್ದು ಕಂಡು ಸ್ಟೇಷನ್ನಿಗೆ ಓಡ್‌ಬಂದೆ. ಬಿರಿದೈತೆ ಸಾಮಿ, ಇಷ್ಟಗಲ ಬಿರಿದೈತೆ ಅಂತ ಬಡ್ಕಂಡೆ. ಎಲ್ಲಿ ಅಂತ ಬಾಯಿಗೇ ಬರ್ಲಿಲ್ಲ. ಮಾಸ್ಟರು ಎರಡೂ ಕಡೆ ಗಾಡಿ ನಿಲ್ಸಿ, ಆಮ್ಯಾಕೆ ನನಗೆ ಉಗಿದ್ರು. ಮದ್ಲು ಎಷ್ಟನೇ ಮೈಲಿಕಂಬ, ಯಾವ ಕಡೆ ಹಳಿ ಅಂತ ಹೇಳ್ಬೇಕು. ಏನಾಯ್ತು ಅನ್ನೋದು ಆಮೇಲೆ. ಅವತ್ತು ಕಲ್ತೆ.”

ಅವನು ಮುನಿಯಮ್ಮನಿಂದ ನಾಲ್ಕು ಹುಣಸೆಬೀಜ ಕೇಳಿ ಇಸಿದುಕೊಂಡ. ಟವೆಲು ಹಾಸಿ, ಗೋಲಿನ ಕಂಬಗಳ ಹಾಗೆ ಆ ತುದಿಗೆರಡು, ಈ ತುದಿಗೆರಡು ಇಟ್ಟ. ನಡುವೆ ಚೆಂಡಿನ ಬದಲು ಎಲೆಯಡಿಕೆ ಚೀಲದ ಒಂದು ದುಂಡನೆಯ ಗೋಟಡಿಕೆ.

“ನೀನು ಹೇಳ್ದಂಗೆ ಇದನ್ನ ಸರಿಸ್ತೀನಿ. ಹೇಳು.”

ನಟರಾಜ್ ಹತ್ತು ನಿಮಿಷ ಉಸಿರು ಬಿಡದೆ ಹೇಳಿದ. ಅಡಿಕೆ ಇದ್ದ ಜಾಗದಿಂದ ಕದಲಲಿಲ್ಲ. ಅವನಿಗೆ ನಾಚಿಕೆಯಾಯಿತು.

ಆಮೇಲಿನ ಆರು ದಿನ ಅಪ್ಪ ಮಗ ಇಬ್ಬರಿಗೂ ಬೇರೆ ಕೆಲಸವಿರಲಿಲ್ಲ. ಶನಿವಾರದ ಹೊತ್ತಿಗೆ ಅಡಿಕೆ ಟವೆಲಿನ ತುಂಬ ಓಡಾಡುತ್ತಿತ್ತು. ಆ ಸಂಜೆ ದ್ಯಾವಯ್ಯ ಅದನ್ನು ಅಂಗೈಯಲ್ಲಿ ಹೊರಳಿಸುತ್ತಾ, “ಭಾನುವಾರಾನೂ ಡ್ಯೂಟಿ ಇರ್ತಿತ್ತು. ನೀನು ಹುಡುಗನಾಗಿ ಇಲ್ಲಿ ಮೈದಾನದಾಗೆ ಆಡ್ವಾಗ ಹಳಿ ಮೇಲಿಂದ ನಿನ್ ಕೂಗು ಕೇಳಿಸ್ಕತಿದ್ದೆ. ನಾನು ನೋಡಿದ್ ಮ್ಯಾಚು ಅಷ್ಟೇ ಕಣ್ಲಾ” ಎಂದ. ನಟರಾಜ್ ಟವೆಲು ಮಡಿಸಿ ಅವನ ಕೈಗಿಟ್ಟ. “ನಾಳೆ ನೀನೂ ಬಾರಪ್ಪಾ” ಎಂದ.

ಭಾನುವಾರ ಹಳಿಯ ಪಕ್ಕದ ಮೈದಾನ ಕಿಕ್ಕಿರಿದಿತ್ತು. ಬೇವಿನಮರದ ಕೆಳಗೆ ಮೇಜು, ಮೈಕು. ಹಿಂದಿನ ಬೆಂಚಿನ ಮೇಲೆ ಟವೆಲು ಹಾಸಿಕೊಂಡ ದ್ಯಾವಯ್ಯ. ಹೆಡ್‌ಫೋನ್ ಹಾಕಿಕೊಂಡ ಮಾಲಿನಿ ಆ ಹುಣಸೆಬೀಜಗಳನ್ನು ವಿಚಿತ್ರವಾಗಿ ನೋಡಿದರು. ಏನೂ ಕೇಳದೆ ಕೈಸನ್ನೆ ಮಾಡಿದರು.

“ನಮಸ್ಕಾರ. ಮೊದಲು ಮೈದಾನ ನೋಡಿಕೊಂಡುಬಿಡಿ,” ನಟರಾಜ್ ಶುರುಮಾಡಿದ. “ನಾನು ಬೇವಿನಮರದ ಕೆಳಗಿದ್ದೇನೆ. ಎದುರಿಗೆ, ಆಚೆ ಗೆರೆಯ ಉದ್ದಕ್ಕೂ ರೈಲು ಹಳಿ. ನನ್ನ ಎಡಗೈ ಕಡೆ ತಿಪಟೂರು, ಅದು ಹಾಸನ ತಂಡದ ಗೋಲು. ಬಲಗೈ ಕಡೆ ಬಾಣಾವರ, ಅದು ಅರಸೀಕೆರೆಯ ಗೋಲು.”

ಬಾಣಾವರದ ಕಡೆ ಗೋಲು ಕಾಯುತ್ತಿದ್ದವನು ಸ್ವಾಮಿ. ಚೆಂಡು ಹಿಡಿಯುವುದನ್ನು ಅವನಿಗೆ ಕಲಿಸಿದ್ದೇ ನಟರಾಜ್. ನಲವತ್ತು ನಿಮಿಷ ಸ್ವಾಮಿ ಒಂದನ್ನೂ ಬಿಡಲಿಲ್ಲ. ಅರ್ಧ ಆಟ ಮುಗಿಯಲು ಇನ್ನೇನು ಒಂದು ನಿಮಿಷವಿದೆ ಎನ್ನುವಾಗ ಹಾಸನದವರು ಹಳಿಯ ಬದಿಯಿಂದ ನುಗ್ಗಿದರು. ಸ್ವಾಮಿ ಆ ಕಡೆಯ ಕಂಬಕ್ಕೆ ಸರಿದ. ಈ ಕಡೆ, ಮರದ ಪಕ್ಕದಲ್ಲಿ, ಒಂಬತ್ತನೇ ನಂಬರಿನವನು ಒಬ್ಬನೇ ಬರುತ್ತಿದ್ದ. ಯಾರೂ ನೋಡಿರಲಿಲ್ಲ.

ನಟರಾಜ್ ನೋಡಿದ. ಕೂಗಿದರೆ ಸ್ವಾಮಿಗೆ ಕೇಳುವಷ್ಟು ಹತ್ತಿರ. ಹನ್ನೊಂದು ವರ್ಷದ ಕೂಗು ಗಂಟಲಿನ ತನಕ ಬಂತು. ಮೇಜಿನ ಅಂಚನ್ನು ಬಿಗಿಯಾಗಿ ಹಿಡಿದುಕೊಂಡ.

“ಚೆಂಡು ಬಾಣಾವರದ ಮೂಲೆಯಲ್ಲಿ, ಹಳಿಯ ಬದಿ. ಸ್ವಾಮಿ ಹಳಿ ಕಡೆಯ ಕಂಬಕ್ಕೆ ಅಂಟಿದ್ದಾನೆ. ಮರದ ಕಡೆ ಖಾಲಿ. ಪೂರ್ತಿ ಖಾಲಿ. ಚೆಂಡು ಅಡ್ಡಕ್ಕೆ ಬಂತು, ಮರದ ಕಡೆಗೆ, ಒಂಬತ್ತನೇ ನಂಬರು, ಮರದ ಕಡೆಯ ಕಂಬದ ಒಳಬದಿಗೆ. ಗೋಲು.”

ಹಿಂದೆಯೇ ರೆಫರಿ ಸೀಟಿ ಊದಿದ, ಅರ್ಧ ಆಟ ಮುಗಿಯಿತು. ಸ್ವಾಮಿ ಬಲೆಯೊಳಗಿನ ಚೆಂಡನ್ನೇ ನೋಡುತ್ತ ನಿಂತಿದ್ದ. ನಟರಾಜನಿಗೆ ಅವನಿಗೆ ತಾನೇ ಮೋಸ ಮಾಡಿದಷ್ಟು ಸಂಕಟವಾಯಿತು. ಮೈಕು ಆರಿಸಿ ಹಿಂದಕ್ಕೆ ತಿರುಗಿದ.

ಮಾಲಿನಿ ಬೆಂಚಿನ ಪಕ್ಕದಲ್ಲಿ ಮಂಡಿಯೂರಿ ಕೂತಿದ್ದರು. ಅವರು ನೋಡುತ್ತಿದ್ದುದು ಮೈದಾನವನ್ನಲ್ಲ, ಟವೆಲನ್ನು. ಬಲತುದಿಯಲ್ಲಿ, ಮರದ ಕಡೆಯ ಹುಣಸೆಬೀಜಕ್ಕೆ ಒಳಗಿನಿಂದ ತಾಗಿಕೊಂಡು ಅಡಿಕೆ ಕೂತಿತ್ತು.

“ಮುಂದಿನ ತಿಂಗಳು ಮಂಗಳೂರಲ್ಲಿ ಒಂದು ಪಂದ್ಯ ಇದೆ,” ಅವರು ತಲೆ ಎತ್ತದೆ ಹೇಳಿದರು. “ಅಲ್ಲಿ ಮೈದಾನದ ಪಕ್ಕ ರೈಲು ಹಳಿ ಇಲ್ಲ. ಏನು ಮಾಡ್ತೀರಿ?”

“ಒಂದಿನ ಮುಂಚೆ ಹೋಗಿ ನಡೆದು ನೋಡ್ಕೋತೀನಿ ಮೇಡಂ. ಎಲ್ಲೆಲ್ಲಿ ಏನೇನೈತೆ ಅಂತ.”

“ಪಾಪ, ಸ್ವಾಮಿ ಮೋಸ ಹೋದ,” ಎಂದ ದ್ಯಾವಯ್ಯ, ಕಣ್ಣಾರೆ ಕಂಡವನ ಹಾಗೆ. “ಹೋಗ್ಲಿ, ಇನ್ನರ್ಧ ಐತಲ್ಲ. ನೀರು ಕುಡ್ಕಂಡ್ ಬಾರ್ಲಾ.”

ಅವನು ಟವೆಲಿನ ಸುಕ್ಕನ್ನು ಅಂಗೈಯಿಂದ ನೀವಿದ. ಬೆರಳುಗಳಿಂದ ತಡಕಿ ಅಡಿಕೆಯನ್ನು ಎತ್ತಿಕೊಂಡು, ಎರಡೂ ಬದಿಗೆ ಗೇಣು ಹಾಕಿ ಅಳೆದು, ಸರಿಯಾಗಿ ನಡುವಿಗೆ ತಂದಿಟ್ಟ.